ಹೊರಬಾಗಿಲ ಪಟ್ಟಿ ಕಳಚಿದ ಬೆಳಿಗ್ಗೆ

ಮೂರು ದಿನದ ಮಳೆ ನಿಂತ ಬೆಳಿಗ್ಗೆ ಟೀಚರಮ್ಮನ ಮನೆಯ ಮುಂಬಾಗಿಲು ಜಪ್ಪಯ್ಯ ಎಂದರೂ ತೆರೆಯಲಿಲ್ಲ. ಚೌಕಟ್ಟು ನೀರು ಕುಡಿದು ಊದಿಕೊಂಡಿತ್ತು. ಒಳಗಿನಿಂದ ಟೀಚರಮ್ಮ ತಳ್ಳಿದರು. ಹಿತ್ತಿಲಿಂದ ಸುತ್ತಿ ಬಂದ ಅವರ ಅತ್ತೆ ಹೊರಗಿನಿಂದ ಎಳೆದರು. ಮೂರನೇ ಜಗ್ಗಿಗೆ ಬಾಗಿಲ ಮೇಲಿನ ಅಗಲವಾದ ಮರದ ಪಟ್ಟಿ ಗಾರೆ ಸಮೇತ ಕಿತ್ತು ಅತ್ತೆಯ ಹೆಗಲ ಮೇಲೆ ಬಿತ್ತು. ಮೂಳೆ ಮುರಿಯಿತು.

ಎರಡು ತಿಂಗಳ ಹಿಂದೆ ಬಾಗಿಲ ಮೇಲೂ ಎರಡು ಪಕ್ಕಕ್ಕೂ ಆ ಪಟ್ಟಿಗಳನ್ನು ಕೂರಿಸಿದವನು ಬಡಗಿ. ಸಂಜೆಯೊಳಗೆ ಬೀದಿಯೆಲ್ಲ ಅವನ ಹೆಸರಿಗೆ ಮಸಿ ಬಳಿದಾಗಿತ್ತು. ಪಕ್ಕದ ಬೀದಿಯ ಎಂಟು ಮನೆಗಳ ಬಾಗಿಲ ಕೆಲಸ ಒಪ್ಪಿಕೊಂಡಿದ್ದ. ಎಂಟೂ ಮನೆಯವರು ಬೇಡವೆಂದು ಹೇಳಿ ಕಳಿಸಿದರು. ಅವನು ಉಳಿ, ಗರಗಸವನ್ನೆಲ್ಲ ಗೋಣಿಯಲ್ಲಿ ಸುತ್ತಿ ಅಟ್ಟಕ್ಕೆ ಹಾಕಿದ.

ಅವನ ಅಕ್ಕ ಮನೆಗಳಿಗೆ ಬಣ್ಣ ಹಚ್ಚುವವಳು. ತಾಯಿಯಿಲ್ಲದ ತಮ್ಮನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು. ಗೋಣಿಯ ಗಂಟು ನೋಡಿ ಅವಳು ತೀರ್ಮಾನಿಸಿದಳು. ತಪ್ಪು ತಮ್ಮನದಾದರೆ ತಾನೇ ಆ ಅತ್ತೆಯ ಕಾಲು ಹಿಡಿಯುವುದು. ಬೇರೆಯವರದಾದರೆ — ಅವರನ್ನು ಸುಮ್ಮನೆ ಬಿಡುವ ಮಾತಿಲ್ಲ.

ಮರುದಿನ ತಮ್ಮನ ರಟ್ಟೆ ಹಿಡಿದು ಅದೇ ಬಾಗಿಲಿಗೆ ಕರೆತಂದಳು.

"ಹೇಗೆ ಕೂರಿಸಿದೆ? ಮೊದಲಿಂದ ಹೇಳು."

ಒರಟು ಗಾರೆಯ ಮೇಲೆ ಪಟ್ಟಿ ಸಮನಾಗಿ ಕೂರುವುದಿಲ್ಲವೆಂದು ಅಷ್ಟಗಲ ಗಾರೆ ಕೊಯ್ದು ತೆಗೆದನಂತೆ. ಪಟ್ಟಿಗಳನ್ನು ತಿರುಪುಮೊಳೆಯಲ್ಲಿ ಬಿಗಿದು, ಮೇಲಿನ ಸಂದಿಗೂ ಎರಡು ಪಕ್ಕದ ಸಂದಿಗೂ ರಬ್ಬರಿನಂಥ ಅಂಟು ತುಂಬಿದನಂತೆ.

"ಕೆಳಗೆ?"

"ಕೆಳಗೆ ಯಾರಾದ್ರೂ ತುಂಬ್ತಾರಾ ಅಕ್ಕ? ಅಕಸ್ಮಾತ್ ನೀರು ಹೋದ್ರೆ ಇಳಿದು ಹೋಗೋಕೆ ದಾರಿ ಬೇಡ್ವಾ?"

ಅವನ ನಂತರ ಆ ಬಾಗಿಲ ಬಳಿ ಕೈಯಾಡಿಸಿದವರು ಇಬ್ಬರೇ. ಮಹಡಿಯ ಮೇಲಿದ್ದ ಟೀಚರಮ್ಮನ ಮೈದುನ — ಬಾಗಿಲ ಮೇಲೆ ದೀಪ ಹಾಕಿಸಲು ಗೋಡೆ ಕೊರೆದವನು. ಅಂಟಿನ ಕೊಳವೆಯೊಂದನ್ನು ಬಡಗಿಯಿಂದ ಕೇಳಿ ಇಟ್ಟುಕೊಂಡಿದ್ದ. ಇನ್ನೊಬ್ಬ ಈ ಮನೆಯ ಗೋಡೆ ಮೆತ್ತಿದ್ದ ಗಾರೆ ಮೇಸ್ತ್ರಿ — ಕೊಯ್ದ ಅಂಚಿಗೆ ತೇಪೆ ಹಾಕಲು ದಿನವಿಡೀ ಒಬ್ಬನೇ ಇದ್ದವನು. ಇಬ್ಬರನ್ನೂ ಕರೆಸಿದಳು.

ಮೈದುನನ ಮುಖ ಬಿಳಿಚಿತ್ತು. ಕೊರೆದದ್ದು ಒಂದೇ ತೂತು, ಅದೂ ಪಟ್ಟಿಗಿಂತ ಒಂದು ಮೊಳ ಮೇಲೆ ಎಂದ. ಕೊಳವೆ ತಾ ಎಂದಳು. ತಂದ. ಅದರ ಮೂತಿಯನ್ನೇ ಇನ್ನೂ ಕೊಯ್ದಿರಲಿಲ್ಲ.

ಮೇಸ್ತ್ರಿ ಬೈಕಿಗೆ ಒರಗಿ ನಕ್ಕ. "ನಿನ್ನ ತಮ್ಮ ಮೇಲೆ ಅಂಟು ಹಾಕೋದೇ ಮರೆತಿದ್ದಾನೆ. ಇದಕ್ಯಾಕಮ್ಮ ಇಷ್ಟು ಪತ್ತೇದಾರಿ?"

ಎಲ್ಲರೂ ತಲೆಯೆತ್ತಿ ಮೇಲೆ ನೋಡಿದರು. ಅಕ್ಕ ಬಿದ್ದ ಪಟ್ಟಿಯನ್ನು ಎತ್ತಿ ಅದರ ಅಂಚು ನೋಡಿದಳು. ಅಂಟಿನ ತೆಳು ಎಳೆ ಮರಕ್ಕೆ ಕಚ್ಚಿಕೊಂಡೇ ಇತ್ತು — ಬ್ಲೇಡಿನಿಂದ ನೆಟ್ಟಗೆ ಕೊಯ್ದ ಹಾಗೆ. ತಮ್ಮ ಅಂಟು ಹಾಕಿದ್ದ. ಯಾರೋ ಕೊಯ್ದಿದ್ದಾರೆ.

ಆಮೇಲೆ ನೆಲಕ್ಕೆ ಕೂತಳು. ಇನ್ನೂ ನಿಂತಿದ್ದ ಪಕ್ಕದ ಪಟ್ಟಿಯ ಬುಡಕ್ಕೆ ಹೆಬ್ಬೆರಳು ಒತ್ತಿದಳು.

"ಮೇಸ್ತ್ರಿ, ತೇಪೆ ಹಾಕಿದ ಮೇಲೆ ಏನ್ ಮಾಡ್ತೀರಿ?"

"ಒದ್ದೆ ಸ್ಪಂಜಲ್ಲಿ ಮರಳು ಒತ್ತುತೀನಿ. ಸುತ್ತಲಿನ ಒರಟಿಗೆ ಹೊಂದಬೇಕಲ್ಲ?"

"ಯಾವಾಗ್ಲೂ?"

"ಮೂವತ್ತು ವರ್ಷದಿಂದ. ನುಣುಪಾಗಿ ಬಿಟ್ಟು ಹೋದ್ರೆ ನನಗೆ ಅನ್ನ ಸೇರಲ್ಲ." ಹೇಳಿದ ಮೇಲೆ ಅವಳ ಹೆಬ್ಬೆರಳು ಎಲ್ಲಿದೆಯೆಂದು ಅವನ ಕಣ್ಣಿಗೆ ಬಿತ್ತು. ನಗು ಆರಿತು.

"ನೀರು ಮೇಲಿಂದ ಬರೋದು ಅಂತ ಎಲ್ರೂ ಮೇಲೇ ನೋಡಿದ್ರಿ," ಎಂದಳು ಅಕ್ಕ. "ಕೆಳಗೆ ನೋಡಿ. ಅಂಟು ತುಂಬಿ ದಾರಿ ಮುಚ್ಚಿದೆ. ಪಕ್ಕದಲ್ಲಿ ನನ್ನ ತಮ್ಮ ಹಾಕಿದ ಅಂಟು ಗಾಜಿನ ಹಾಗೆ ನುಣುಪಾಗಿದೆ. ಬುಡದ್ದಕ್ಕೆ ಮಾತ್ರ ಮರಳು. ಮೇಲೆ ಅಂಟಿದ್ದಲ್ಲ, ಹಸಿ ಇದ್ದಾಗ ಒಳಗೆ ಒತ್ತಿದ್ದು. ಮೇಲೆ ಕೊಯ್ದು ನೀರನ್ನ ಒಳಗೆ ಕರೆದ್ರಿ, ಕೆಳಗೆ ಬೀಗ ಹಾಕಿದ್ರಿ, ನಿಂತ ನೀರಿಗೆ ಗೋಡೆ ಮೆತ್ತಗಾಗಿ ಮೊಳೆ ಬಿಡ್ತು. ಮನೆಹಾಳು ಕೆಲಸದಲ್ಲೂ ನಿಮ್ಮ ಕೈ ಅಚ್ಚುಕಟ್ಟು ಬಿಡಲಿಲ್ಲ ಮೇಸ್ತ್ರಿ."

ಮೇಸ್ತ್ರಿ ಬಡಗಿಯನ್ನೇ ದುರುಗುಟ್ಟಿ ನೋಡಿದ. "ಪಟ್ಟಿ ಕೂರಿಸುವ ದಿನ ನಾಲ್ಕು ಜನರ ಮುಂದೆ ಇವನು ನನ್ನ ಗೋಡೆಗೆ ಹೊಟ್ಟೆ ಬಂದಿದೆ ಅಂದ. ಅವತ್ತಿನಿಂದ ನಾನು ಎಲ್ಲರ ಬಾಯಲ್ಲಿ ಬಸುರಿಗೋಡೆ ಮೇಸ್ತ್ರಿ," ಎಂದ. "ಇವನ ಹೆಸರೂ ಹಾಳಾಗಲಿ ಅಂತ ಮಾಡಿದೆ. ಯಜಮಾನಮ್ಮನಿಗೆ ಏಟಾಗಲಿ ಅಂತಲ್ಲ."

ಬಡಗಿ ತಲೆ ತಗ್ಗಿಸಿದ. ಅಂದದ್ದು ನಿಜ. ಟೀಚರಮ್ಮ ಎಂಟು ಮನೆಗೂ ತಾವೇ ಹೋಗಿ ಇದನ್ನೆಲ್ಲ ಹೇಳುವುದಾಗಿ ಮಾತು ಕೊಟ್ಟು ಅವನ ಬೆನ್ನು ಸವರಿದರು.

ಮೇಸ್ತ್ರಿ ಬೈಕು ಹತ್ತಲು ಹೊರಟ. ಅಕ್ಕ ಅಡ್ಡ ನಿಂತಳು.

"ಹದಿನಾರು ವರ್ಷದಿಂದ ನಿಮ್ಮ ಗೋಡೆಗಳ ಒಂದೊಂದು ಉಬ್ಬನ್ನೂ ಮಂಕು ಬಣ್ಣ ಹಚ್ಚಿ ಮುಚ್ಚಿದ್ದು ಯಾರು ಅಂತ ಗೊತ್ತಾ? ನಾನು. ತಮ್ಮ ಹೇಳಿದ್ದು ಒಂದು ಗೋಡೆ. ಇನ್ಮೇಲೆ ನೀವು ಮೆತ್ತಿದ ಗೋಡೆ ನನ್ನ ಕೈಗೆ ಎಲ್ಲಿ ಸಿಕ್ಕಿದ್ರೂ ಹೊಳೆಯೋ ಬಣ್ಣ ಹಚ್ತೀನಿ. ಬಿಸಿಲು ಬಿದ್ದು ಒಂದೊಂದು ಉಬ್ಬೂ ಎದ್ದು ಕಾಣಲಿ, ಊರೆಲ್ಲ ನೋಡಲಿ."

ಮೇಸ್ತ್ರಿಯ ಮುಖದ ರಕ್ತ ಇಳಿಯಿತು. "ಅದೊಂದು ಬೇಡ ಅಕ್ಕ," ಎಂದ, ಮೆಲ್ಲಗೆ.

ಹೆಗಲಿಗೆ ಪಟ್ಟು ಕಟ್ಟಿಸಿಕೊಂಡು ಕಿಟಕಿಯ ಬಳಿ ಕೂತಿದ್ದ ಟೀಚರಮ್ಮನ ಅತ್ತೆ ಸರಳಿನ ಹತ್ತಿರಕ್ಕೆ ಮುಖ ತಂದರು.

"ನಮ್ಮ ಮನೆಯಿಂದಲೇ ಶುರು ಮಾಡಮ್ಮ," ಎಂದರು.