ಉತ್ತರ ಬರದ ಮೆಸೇಜು

"ಯಾರ್ರೀ ಈ ವೈರ್ ಚುಚ್ಚಿದ್ದು?!"

ಎಕ್ಸ್‌ರೇ ಕೋಣೆಗೆ ನುಗ್ಗಿದವಳ ಕಣ್ಣಲ್ಲಿ ಕೆಂಡ. ಇಡೀ ಆಸ್ಪತ್ರೆಯ ನೆಟ್‌ವರ್ಕ್ ಮಲಗಿಬಿಟ್ಟಿತ್ತು. ಅದನ್ನು ನೋಡಿಕೊಳ್ಳುವ ಇಂಜಿನಿಯರ್ ಅವಳೇ.

"ನಾನೇ..." ಎಂದ ಹೊಸ ಟೆಕ್ನಿಷಿಯನ್. "ಒಂದು ತುದಿ ನೇತಾಡ್ತಿತ್ತು. ನೋಡೋಕೆ ಚೆನ್ನಾಗಿರ್ಲಿ ಅಂತ ಪಕ್ಕದ ತೂತಿಗೆ ಹಾಕ್ದೆ."

ಒಂದೇ ನೆಟ್‌ವರ್ಕ್ ಡಬ್ಬಿಗೆ ವೈರಿನ ಎರಡೂ ತುದಿ! ಒಳಹೊಕ್ಕ ಮಾಹಿತಿಯೆಲ್ಲ ಅಲ್ಲಲ್ಲೇ ಗಿರಗಿರನೆ ಸುತ್ತುತ್ತಾ ಇಡೀ ಜಾಲದ ಉಸಿರು ಕಟ್ಟಿಸಿತ್ತು. ಅವಳು ಬಾಯಿಗೆ ಬಂದಂತೆ ಬೈದಳು. ಅವನು ತಲೆ ತಗ್ಗಿಸಿ ಕೇಳಿಸಿಕೊಂಡ.

"ಬೈದಿದ್ದು ಅರ್ಥ ಆಯ್ತು. ವೈರಿಂದು ಮಾತ್ರ ಆಗ್ಲಿಲ್ಲ..."

ಅವಳಿಗೆ ನಗು ತಡೆಯಲಾಗಲಿಲ್ಲ. ವರ್ಷ ಕಳೆಯುವಷ್ಟರಲ್ಲಿ ಅವನಿಲ್ಲದ ಮಧ್ಯಾಹ್ನದ ಊಟ ಅವಳ ಗಂಟಲಲ್ಲಿ ಇಳಿಯದಂತಾಗಿತ್ತು. ಅದನ್ನು ಹೇಳುವ ಧೈರ್ಯ ಮಾತ್ರ ಬಂದಿರಲಿಲ್ಲ.

ಆದರೆ ಈ ವಾರ ಅವನು ಊಟಕ್ಕೇ ಬರಲಿಲ್ಲ. ಎದುರಾದರೂ ಮುಖ ತಿರುಗಿಸಿಕೊಂಡು ಹೋಗುತ್ತಿದ್ದ. ಏನಾಯ್ತು ಇವನಿಗೆ?

ಸುದ್ದಿ ತಂದವಳು ಅಲ್ಲೇ ಔಷಧಿ ವಿಭಾಗದಲ್ಲಿದ್ದ ಅವಳ ಅಕ್ಕ. "ನಿನ್ನ ಎಕ್ಸ್‌ರೇ ಮಹಾರಾಯ ಬೇರೆ ಶಾಖೆಗೆ ವರ್ಗ ಕೇಳ್ತಿದಾನಂತೆ. ಇವತ್ತೇ ಸಹಿ ಆಗುತ್ತಂತೆ! ನೀನು ಹಿಂಗೇ ಬಾಯಿಗೆ ಬೀಗ ಹಾಕ್ಕೊಂಡು ಕೂತಿರು."

ಅವಳು ಕುರ್ಚಿ ಬಿಟ್ಟೆದ್ದಳು. ಇಲ್ಲ... ಕಾರಣ ಕೇಳದೆ ಬಿಡುವವಳಲ್ಲ ನಾನು!

ವರ್ಗದ ಅರ್ಜಿ ಹಿಡಿದು ಹೊರಟಿದ್ದ ಅವನನ್ನು ಮೇಲಧಿಕಾರಿಯ ಕೋಣೆಯ ಬಾಗಿಲಲ್ಲೇ ಅಡ್ಡಗಟ್ಟಿದಳು.

"ಯಾಕೆ ಹೋಗ್ತಿದೀರಾ?"

"ಬೇಡ ಅಂದಿದ್ರೆ ಹೇಗೋ ಸಹಿಸ್ಕೋತಿದ್ದೆ. ನೀವು ಉತ್ತರಾನೇ ಕೊಡ್ಲಿಲ್ವಲ್ಲ..."

"ಯಾವುದಕ್ಕೆ?"

"ಸೋಮವಾರ ಆಫೀಸ್ ಮೆಸೆಂಜರಲ್ಲಿ... ಮದುವೆ ಆಗ್ತೀರಾ ಅಂತ ಕೇಳಿದ್ನಲ್ಲ!"

ಸೋಮವಾರ! ಸುರಕ್ಷತೆಗೆಂದು ಆ ಹಳೆಯ ಮೆಸೆಂಜರಿನ ದಾರಿಯನ್ನು ಅವಳೇ ಮುಚ್ಚಿದ ದಿನ. ಉಳಿದೆಲ್ಲ ವಿಭಾಗಗಳಿಗೂ ತಿಳಿಸಿದ್ದಳು. ಎಕ್ಸ್‌ರೇಗೆ ಮಾತ್ರ, ಊಟಕ್ಕೆ ಸಿಕ್ಕಾಗ ತಾನೇ ಹೇಳಿದರಾಯಿತು ಎಂದುಕೊಂಡಿದ್ದಳು. ಆ ಮೆಸೆಂಜರ್ ನಡೆಯುತ್ತಿದ್ದುದು ಯುಡಿಪಿ ಎಂಬ ಪ್ರೋಟೋಕಾಲ್ ಮೇಲೆ. ಅದು ಮಾತನ್ನು ಎಸೆದು ತನ್ನ ಪಾಡಿಗೆ ಹೋಗುತ್ತದೆ, ತಲುಪಿತೇ ಎಂದು ತಿರುಗಿಯೂ ನೋಡುವುದಿಲ್ಲ.

"ಅದು ನನಗೆ ಬರ್ಲೇ ಇಲ್ಲ ರೀ! ದಾರಿ ಮುಚ್ಚಿದ್ದು ನಾನೇ. ಮೆಸೇಜ್ ತಲುಪ್ಲಿಲ್ಲ ಅಂತ ಆ ಮೆಸೆಂಜರ್ ನಿಮಗೆ ಹೇಳಲ್ಲ..."

"ಅಂದ್ರೆ... ನೀವು ಓದೇ ಇಲ್ವಾ?"

"ಇಲ್ಲ. ಈಗ ಕೇಳಿ. ಬಾಯಲ್ಲಿ. ನನ್ನ ಮುಖ ನೋಡ್ಕೊಂಡು!"

ಒಳಗಿನಿಂದ ಮೇಲಧಿಕಾರಿ ಕನ್ನಡಕ ಸರಿಸಿ ನೋಡುತ್ತಿದ್ದರು. ಅವನ ಕಿವಿ ಕೆಂಪಾಯಿತು. ಅವಳು ಕದಲಲಿಲ್ಲ.

"ನನ್ನ... ಮದುವೆ ಆಗ್ತೀರಾ?"

"ಆಗ್ತೀನಿ! ಕೇಳಿಸ್ತಾ?"

ಅವನ ಕಣ್ಣು ತುಂಬಿ ಬಂತು. "ಕೇಳಿಸ್ತು ಕಣೇ..."

"ಹಾಗಿದ್ರೆ ಆ ಅರ್ಜಿ ಇಲ್ಲಿ ಕೊಡು," ಎಂದು ಅವಳು ಕೈ ಚಾಚಿದಳು.

ಅವನು ಅರ್ಜಿಯನ್ನು ಜೇಬಿಗೆ ತುರುಕಿಕೊಂಡು, ಆ ಕೈಯನ್ನು ಹಿಡಿದುಕೊಂಡ.