ಎದುರು ಕುರ್ಚಿಯ ಚಹಾ

"ಸತ್ತವರು ತಿರುಗಿ ಬರುವುದಿಲ್ಲ! ಪ್ರೇತ, ಕುಲೆ... ಎಲ್ಲ ನಮ್ಮ ಹೆದರಿಕೆಯೇ ಹೆತ್ತ ಮಕ್ಕಳು!"

ಬೊಂಬಾಯಿಯ ಅಂಧೇರಿ ಮೈದಾನದಲ್ಲಿ ವಕೀಲ ಸದಾನಂದನ ದನಿ ಮೈಕನ್ನೂ ಮೀರಿಸುತ್ತಿತ್ತು. ೧೯೫೪ರ ಮಳೆಗಾಲ, ಕಾರ್ಪೊರೇಶನ್ನಿನ ಉಪಚುನಾವಣೆ. ಮಂಗಳೂರಿನಿಂದ ಬಂದ ಹುಡುಗ ಕೋರ್ಟಿನಲ್ಲಿ ಹೆಸರು ಮಾಡಿ ಈಗ ಚುನಾವಣೆಗೂ ನಿಂತಿದ್ದಾನೆಂದು ಊರಿನವರಿಗೆಲ್ಲ ಹೆಮ್ಮೆ.

ಹೆಂಗಸರ ಸಾಲಿನಿಂದ ವಾರಿಜಾ ಎದ್ದು ನಿಂತಳು. ಸ್ಟೇಷನ್ ಎದುರಿನ ಹೋಟೆಲಿನ ಪೂವಪ್ಪನವರ ಮಗಳು. ಅಪ್ಪನ ಗಲ್ಲಾದಲ್ಲಿ ಕೂತು ಬೆಳೆದವಳ ಬಾಯಿಗೆ ಬೀಗ ಹಾಕುವವರು ಯಾರು?

"ಹಾಗಾದ್ರೆ ವಕೀಲ್ರೇ, ನಮ್ಮ ಹೋಟೆಲಿಗೆ ಬಂದು ದಿನಾ ಎರಡು ಚಹಾ ಹೇಳ್ತೀರಲ್ಲ... ಎದುರಿನ ಖಾಲಿ ಕುರ್ಚಿಗೂ ಒಂದು! ಅದು ಯಾರಿಗೆ?"

ಸಭೆ ಗೊಳ್ಳೆಂದಿತು. ಸದಾನಂದನ ಮುಖದಲ್ಲಿ ಒಂದು ಕ್ಷಣ ರಕ್ತವೇ ಇರಲಿಲ್ಲ. ಮರುಕ್ಷಣ ನಕ್ಕ.

"ಅದಾ... ನನ್ನ ಹೆಂಡತಿಯಾಗಿ ಬರುವವಳಿಗೆ!"

ಚಪ್ಪಾಳೆಯೋ ಚಪ್ಪಾಳೆ. ವಾರಿಜಾ ನಾಚಿ ಕೂತಳು.

ಆಮೇಲೆ ಮಾತು ಬೆಳೆಯಿತು. ಅವನು ಕೋರ್ಟಿನ ಕಥೆ ಹೇಳುವುದು, ಇವಳು ಕೀಟಲೆ ಮಾಡುವುದು. ಅವನ ಲೋಕಲ್ ರೈಲು ತಡವಾದರೆ ಅವಳ ಕಣ್ಣು ಬಾಗಿಲಲ್ಲೇ ಇರುತ್ತಿತ್ತು. ಪ್ರೀತಿಯಲ್ಲದೆ ಮತ್ತೇನು ಇದು!

ಒಂದು ಸಂಜೆ ಧೈರ್ಯ ಮಾಡಿ ಅವಳು ಆ ಎದುರು ಕುರ್ಚಿಯನ್ನು ಎಳೆದಳು.

"ಅಲ್ಲಿ ಬೇಡ!" ಸದಾನಂದ ಚೀರಿದ. ಹೋಟೆಲಿಗೆ ಹೋಟೆಲೇ ತಿರುಗಿ ನೋಡಿತು. "ಅಲ್ಲಿ... ಅಲ್ಲಿ ಕೂರಬೇಡಿ, ದಯವಿಟ್ಟು."

ವಾರಿಜಾಳ ಎದೆಗೆ ಚುಚ್ಚಿದಂತಾಯಿತು. 'ಅಂದರೆ ಆ ಜಾಗದವಳು ಬೇರೆ ಯಾರೋ ಇದ್ದಾಳೆ... ನಾನೇ ಹುಚ್ಚಿ!'

ಎರಡೇ ದಿನದಲ್ಲಿ ಪಕ್ಕದ ಚಾಳಿನ ಚಂಪಾ ಓಡಿ ಬಂದಳು.

"ಗೊತ್ತುಂಟಾ ವಾರಿಜಾ? ವಕೀಲರ ಮನೆಯವರು ಮದುವೆ ಮಾಡ್ತಾರಂತೆ! ಹುಡುಗಿ ದಹಿಸರಿನವಳು, ಸೇವಂತಿ ಅಂತೆ. ನಾಳೆಯೇ, ಯಾರಿಗೂ ಹೇಳದೆ, ಹುಡುಗಿಯ ಮನೆಯಲ್ಲೇ!"

ಅದು ಆಟಿ ತಿಂಗಳು. ಆಟಿಯಲ್ಲಿ ತುಳುನಾಡಿನವರು ಮದುವೆ ಮಾಡುವುದಿಲ್ಲ. ಊರಿನ ಸಣ್ಣ ಮಗುವಿಗೂ ಆಗಲೇ ಅನುಮಾನ ಬರುತ್ತಿತ್ತು. ಬೊಂಬಾಯಿಯಲ್ಲೇ ಹುಟ್ಟಿ ಬೆಳೆದ ಈ ಹುಡುಗಿಯರಿಗೆ ಆಟಿ ಯಾವುದು, ಸೋಣ ಯಾವುದು!

ಮರುದಿನ ವಾರಿಜಾ ಚಂಪಾಳಿಂದ ವಿಳಾಸ ಕೇಳಿಕೊಂಡು ಲೋಕಲ್ ಹತ್ತಿದಳು. 'ಒಮ್ಮೆ ಅವನ ಮುಖ ನೋಡಿ ಬರುತ್ತೇನೆ, ಅಷ್ಟೇ...' ಬೊರಿವಲಿ ದಾಟುವಾಗ ಕಣ್ಣೀರಿನಲ್ಲಿ ಹೊರಗಿನದೇನೂ ಕಾಣಲಿಲ್ಲ.

ಮದುವೆಮನೆಗೆ ಚಪ್ಪರವಿರಲಿಲ್ಲ. ವಾಲಗವಿರಲಿಲ್ಲ. ಒಳಗೆ ಕೂತವರು ಯಾರೂ ನಗುತ್ತಿರಲಿಲ್ಲ. ಸದಾನಂದ ಕೈಮುಗಿದು ಗೋಡೆ ಬದಿಗೆ ನಿಂತಿದ್ದ. ಮದುಮಗನ ಪೇಟ ಅವನ ತಲೆಯ ಮೇಲಿರಲಿಲ್ಲ.

"ಮದುಮಗಳೆಲ್ಲಿ?" ಬಾಗಿಲಲ್ಲಿದ್ದ ಅಜ್ಜಿಯನ್ನು ವಾರಿಜಾ ಕೇಳಿದಳು.

"ಕೂತಿದ್ದಾಳಲ್ಲ ಮಗಾ, ಅಲ್ಲಿ."

ಅಜ್ಜಿ ತೋರಿಸಿದ ಕಡೆ ಎರಡು ಮಣೆಗಳಿದ್ದವು. ಒಂದರ ಮೇಲೆ ಮಡಿಸಿಟ್ಟ ಹಸಿರು ಸೀರೆ, ಬಳೆ, ಮಲ್ಲಿಗೆ. ಇನ್ನೊಂದರ ಮೇಲೆ ಧೋತ್ರ, ಶಲ್ಯ, ಪೇಟ. ಮಣೆಗಳ ಮೇಲೆ ಮನುಷ್ಯರು ಯಾರೂ ಇರಲಿಲ್ಲ!

ವಾರಿಜಾ ತಿರುಗಿ ಅಜ್ಜಿಯ ಮುಖ ನೋಡಿದಳು.

"ಇದು ಕುಲೆ ಮದುವೆ ಮಗಾ, ಸತ್ತವರದ್ದು. ಆಟಿಯಲ್ಲಿ ಇವರಿಗೆ ಮಾತ್ರ ಮದುವೆ, ಬದುಕಿದ್ದವರಿಗೆ ಇಲ್ಲ. ನಮ್ಮ ಸೇವಂತಿ ಸಣ್ಣದಿರುವಾಗಲೇ ಹೋದಳು. ಬದುಕಿದ್ದರೆ ಮದುವೆಯ ಪ್ರಾಯ ಈಗ. ವಕೀಲರ ಅಣ್ಣ ರಮಾನಾಥನೂ ಮದುವೆಯಾಗದೆ ಸತ್ತದ್ದು. ಹಾಗೆ ಇಬ್ಬರಿಗೂ ಒಂದು ಜೊತೆ ಮಾಡ್ತಿದ್ದೇವೆ."

ಅಷ್ಟರಲ್ಲಿ ಸದಾನಂದ ಅವಳನ್ನು ಕಂಡ. ಧಾರೆ ಮುಗಿದದ್ದೇ ಅಂಗಳಕ್ಕೆ ಓಡಿ ಬಂದ.

"ಎದುರು ಕುರ್ಚಿ ಅಣ್ಣನದ್ದು," ಎಂದ. "ಹೋಟೆಲಿನಲ್ಲಿ ದುಡಿದು ನನ್ನನ್ನು ಓದಿಸಿದ. ಮದುವೆಗೆ ಕೇಳಿದಾಗೆಲ್ಲ, 'ಮೊದಲು ತಮ್ಮ ವಕೀಲ ಆಗಲಿ' ಅಂತಿದ್ದ. ನನ್ನ ಕಪ್ಪು ಕೋಟು ದರ್ಜಿಯಿಂದ ತರುವಾಗ ಲೋಕಲ್‌ನಿಂದ ಬಿದ್ದ. ಕೋಟಿಗೆ ಏನೂ ಆಗಿರಲಿಲ್ಲ ವಾರಿಜಾ... ದಿನಾ ಅದನ್ನೇ ಹಾಕಿ ಕೋರ್ಟಿಗೆ ಹೋಗ್ತೇನೆ. ಹಾಕುವಾಗೆಲ್ಲ ಹಿಂದಿನಿಂದ ಯಾರೋ ಕಾಲರ್ ಸರಿ ಮಾಡಿದ ಹಾಗೆ ಆಗ್ತದೆ."

ಅವಳು ಕಣ್ಣೊರೆಸಿಕೊಂಡಳು. "ಕುಲೆ ಸುಳ್ಳು ಅಂತ ಮೈಕಿನಲ್ಲಿ ಕೂಗಿದ್ದು ಯಾರು?"

"ನಾನೇ. ಸುಳ್ಳಾಗಲಿ ಅಂತಲೇ ಅಷ್ಟು ಜೋರಾಗಿ ಕೂಗಿದ್ದು! ಅಣ್ಣನನ್ನು ಹಾಗೇ ಬಿಟ್ಟು ನಾನು ಮದುವೆಯಾಗುವ ಹಾಗಿರಲಿಲ್ಲ. ನಿಮ್ಮನ್ನು ಕೇಳಬೇಕು ಅಂತ ಆಸೆ ಹುಟ್ಟಿದ ಮೇಲೆ, 'ಮೊದಲು ಅಣ್ಣನ ಕುಲೆ ಮದುವೆ ಮಾಡಿಸು' ಅನ್ನುವ ಅಮ್ಮನ ಮಾತಿಗೆ ಒಪ್ಪಿದೆ."

"ಹಾಗಾದ್ರೆ ಕದ್ದು ಯಾಕೆ ಮಾಡಿದ್ದು?"

"ನಾಳೆ ಕೊನೆಯ ಸಭೆ. ಇದು ಗೊತ್ತಾದರೆ ನನ್ನ ಕಥೆ ಮುಗೀತು."

"ಅಲ್ಲಿ ನಾಲ್ಕು ಜನರ ಎದುರು ಅಣ್ಣ ಇಲ್ಲ ಅಂತೀರಿ. ಇಲ್ಲಿ ಅವರಿಗೆ ಧಾರೆ ಎರೆಸ್ತೀರಿ. ನಾಳೆ ನನ್ನನ್ನೂ ಹೀಗೇ ಅಡಗಿಸಿ ಇಡ್ತೀರಾ?"

ವಾರಿಜಾ ತಿರುಗಿ ನೋಡದೆ ನಡೆದಳು.

ಮರುದಿನ ಅದೇ ಮೈದಾನ. ಅಣ್ಣ ತಂದ ಅದೇ ಕಪ್ಪು ಕೋಟು ತೊಟ್ಟು ಸದಾನಂದ ಮೈಕಿನ ಮುಂದೆ ನಿಂತ.

"ನಿನ್ನೆ ನನ್ನ ಅಣ್ಣನ ಮದುವೆ ಮಾಡಿಸಿದೆ. ಅಣ್ಣ ಸತ್ತು ಹೋಗಿದ್ದಾನೆ. ಕುಲೆ ಉಂಟೋ ಇಲ್ಲವೋ ನನಗೆ ಗೊತ್ತಿಲ್ಲ. ನನಗೆ ಅಣ್ಣ ಇದ್ದ. ಅವನಿಗೆ ಇಡುವ ಚಹಾವನ್ನು ಇಲ್ಲೇ ನಿಂತು ತಮಾಷೆ ಮಾಡಿದೆ... ತಪ್ಪಾಯಿತು!"

ಕೆಲವರು ನಕ್ಕರು. ಕೆಲವರು ಶಿಳ್ಳೆ ಹೊಡೆದರು. ಹೆಂಗಸರ ಸಾಲಿನಲ್ಲಿ ವಾರಿಜಾ ಸೆರಗಿನಲ್ಲಿ ಮುಖ ಮುಚ್ಚಿ ಅತ್ತಳು.

ಅವನು ಸೋತ. ಸುದ್ದಿ ಬಂದ ಸಂಜೆ ಹೋಟೆಲಿಗೆ ಬಂದು ತನ್ನ ಮೂಲೆಯಲ್ಲಿ ಕೂತ. ಚಹಾ ಹೇಳಲೂ ಅವನಿಗೆ ಮನಸ್ಸಿರಲಿಲ್ಲ.

ವಾರಿಜಾ ಗಲ್ಲಾದಿಂದ ಎದ್ದು ತಾನೇ ಎರಡು ಚಹಾ ತಂದಿಟ್ಟಳು. ಎದುರು ಕುರ್ಚಿಯ ಬೆನ್ನು ಮುಟ್ಟಿ, "ಭಾವ, ಸ್ವಲ್ಪ ಜಾಗ ಕೊಡಿ," ಎಂದು ಮೆಲ್ಲಗೆ ಹೇಳಿ ಕೂತಳು. ಈ ಸಲ ಅವನು ಬೇಡವೆನ್ನಲಿಲ್ಲ.

"ಎಲ್ಲ ಸೋತು ಕೂತಿದ್ದೇನೆ ವಾರಿಜಾ."

"ನನ್ನನ್ನೂ ಸೋತ್ರಾ?"

ಅವನು ತಲೆಯೆತ್ತಿದ. ಅವನ ಕಣ್ಣು ತುಂಬಿತ್ತು. "ಅಣ್ಣನದ್ದು ಆಯ್ತು... ಇನ್ನು ತಮ್ಮನದ್ದು. ಯಾವಾಗ?"

ಅವಳು ತನ್ನ ಲೋಟವನ್ನು ಹತ್ತಿರ ಎಳೆದುಕೊಂಡು ನಕ್ಕಳು.

"ಆಟಿ ಕಳೀಲಿ ವಕೀಲ್ರೇ! ನಾವು ಬದುಕಿದ್ದೇವಲ್ಲ..."