ತಿಲೂನ್ ಹಿಡಿದ ಬರಿಗೈ

ಡೊರಿಶ್‌ನ ಬರಿಗೈಯನ್ನು ನಾನು ಮದುವೆಗೆ ಮೊದಲೇ ನೋಡಿಬಿಟ್ಟೆ ಎಂದು ಓರ್ಮಾ ಊರು ಇವತ್ತಿಗೂ ಆಡಿಕೊಳ್ಳುತ್ತದೆ. ಆಡಿಕೊಳ್ಳಲಿ. ಊರ ಬಾಯಿ ಮುಚ್ಚಲು ಯಾರಿಂದಾದೀತು? ನೋಡಿದ್ದಂತೂ ನಿಜ. ಕಣ್ಣು ಮುಚ್ಚಿಕೊಳ್ಳಬೇಕಿತ್ತು, ಮುಚ್ಚಿಕೊಳ್ಳಲಿಲ್ಲ.

ನಮ್ಮೂರಲ್ಲಿ ಮನೆಯ ಹೊಸಿಲು ದಾಟಿ ಹೊರಬಿದ್ದ ಮೇಲೆ ಯಾರೂ ಕೈಗವಸು ಬಿಚ್ಚುವುದಿಲ್ಲ. ಯಾವ ಮಣ್ಣುಹೆಂಟೆಯಲ್ಲಿ ತಿಲೂನ್ ಹರಳು ಅಡಗಿದೆಯೋ ಯಾರು ಬಲ್ಲರು? ಮೊದಲು ಮುಟ್ಟಿದ ಬರಿಗೈಗೆ ಅದು ಒಲಿದುಬಿಡುತ್ತದೆ. ಆಮೇಲೆ ಆ ಕೈಯಲ್ಲಿ ಮಾತ್ರ ಬೆಳಗುತ್ತದೆ. ಆ ಬೆಳಕಿಗೇ ನಮ್ಮ ಕಣಿವೆಯ ಮಂಜು ಹಿಂದೆ ಸರಿಯುವುದು, ಪೈರಿಗೆ ಬಿಸಿಲು ತಾಗುವುದು. ಹೀಗಾಗಿ ಗಂಡು ಹೆಣ್ಣು ಒಬ್ಬರ ಬರಿಗೈಯನ್ನು ಇನ್ನೊಬ್ಬರು ನೋಡುವುದು ಮದುವೆಯ ದಿನವೇ. ಊರೆದುರು ಗವಸು ಬಿಚ್ಚಿ ಕೈ ಹಿಡಿದರೆ ಮದುವೆ ಆದಂತೆ.

ನಾನು ಪೆಲೂಜಾ, ಗಣಿಬಾವಿಯ ಬಾಯಲ್ಲಿ ರಾಟೆ ಎಳೆಯುವವಳು. ಡೊರಿಶ್ ಕೆಳಗೆ ಅಗೆಯುವವನು. ಬುಟ್ಟಿ ತುಂಬಿದರೆ ಹಗ್ಗವನ್ನು ಎರಡು ಸಲ ಜಗ್ಗಬೇಕು. ಅವನು ಮೂರು ಸಲ ಜಗ್ಗುತ್ತಿದ್ದ.

"ಏನೋ ಅದು ಮೂರನೇದು?"

"ಕೈ ಜಾರ್ತು."

"ಎರಡು ವರ್ಷದಿಂದ ದಿನಾ ಜಾರುತ್ತಾ?"

"ನಿನಗೆ ಬೇಜಾರಾದ್ರೆ ನಿಲ್ಲಿಸ್ತೀನಪ್ಪ."

"ನಿಲ್ಲಿಸಿ ನೋಡು, ಹಗ್ಗಾನೇ ಬಿಟ್ಬಿಡ್ತೀನಿ."

ಅವನು ನಕ್ಕದ್ದು ಬಾವಿಯ ಗೋಡೆಗೆಲ್ಲ ತಾಗಿ ಮೇಲೆ ಬರುತ್ತಿತ್ತು. ಆ ನಗುವಿಗಾಗಿಯೇ ನಾನು ಎಷ್ಟೋ ದಿನ ಜ್ವರವಿದ್ದರೂ ಕೆಲಸಕ್ಕೆ ಬಂದಿದ್ದೇನೆ.

ಅವತ್ತು ಅವನು ಬುತ್ತಿ ಮರೆತಿದ್ದ. ಆಡಿನ ಗಿಣ್ಣು ತುಂಬಿದ ನನ್ನ ರೊಟ್ಟಿಯಲ್ಲಿ ಅರ್ಧ ಮುರಿದು ಬುಟ್ಟಿಯಲ್ಲಿ ಇಳಿಸಿದೆ.

"ಗವಸಲ್ಲೇ ತಿನ್ನು, ಚೂರು ಮಣ್ಣು ಹೋದ್ರೆ ಸಾಯಲ್ಲ!"

"ನೀನು ಮಾಡಿದ ರೊಟ್ಟೀನ ಮಣ್ಣು ಮಾಡ್ಕೊಂಡು ತಿನ್ಲಾ?"

ಗವಸು ಬಿಚ್ಚಿದ. ಕೂರಲೆಂದು ಗೋಡೆಗೆ ಕೈ ಊರಿದ. ಬಾವಿಯ ತಳವೆಲ್ಲ ಬೆಳ್ಳಗೆ ಬೆಳಗಿತು.

ನಲವತ್ತು ವರ್ಷದ ಮೇಲೆ ಸಿಕ್ಕ ತಿಲೂನ್, ಹುಣಸೆಬೀಜದಷ್ಟು ದೊಡ್ಡದು. ರಾಟೆ ಎಳೆದು ಅವನನ್ನು ಮೇಲೆ ತಂದೆ. ಊರವರು ಹರಳು ನೋಡಲು ಓಡಿಬಂದರು. ನಾನು ಕೈ ನೋಡುತ್ತ ನಿಂತೆ. ಉದ್ದ ಬೆರಳುಗಳು, ಹೆಬ್ಬೆರಳ ಬುಡದಲ್ಲೊಂದು ಮಚ್ಚೆ. ಅಗೆಯುವವನ ಕೈ ಅಷ್ಟು ಚೆಂದ ಇರುತ್ತದೆಂದು ನನಗೆ ಯಾರೂ ಹೇಳಿರಲಿಲ್ಲ.

"ಪೆಲೂಜಾ, ಆ ಕಡೆ ತಿರುಗೇ!" ಗುಂಪಿನಿಂದ ಯಾರೋ ಕೂಗಿದರು.

"ತಿರುಗಲ್ಲ," ಎಂದೆ.

ಊರಿಗೆ ಹಬ್ಬವಾಯಿತು. ಅವನ ಬಗ್ಗೆ ಮಾತ್ರ ಯಾರೂ ಯೋಚಿಸಲಿಲ್ಲ. ಹರಳು ಒಲಿದವರು ಬೆಟ್ಟದ ಗೋಪುರ ಸೇರಬೇಕು. ಒಬ್ಬರೇ, ಹರಳು ಮಾಸುವವರೆಗೆ ಇಲ್ಲವೇ ಸಾಯುವವರೆಗೆ. ಬೇರೆಯವರ ಬರಿಗೈ ತಾಗಿದರೆ ಹರಳು ಶಾಶ್ವತವಾಗಿ ಆರಿಹೋಗುತ್ತದಂತೆ. "ಎಂಥ ಪುಣ್ಯವಂತ!" ಎನ್ನುತ್ತ ಯಾರೋ ನನ್ನ ಮುಂದೆಯೂ ಜೇನಿನ ಬಟ್ಟಲು ಹಿಡಿದರು. ಕವುಚಿ ಹಾಕಿ ಮನೆಗೆ ನಡೆದೆ.

ಮರುದಿನ ಬೆಳಿಗ್ಗೆ ಊರ ಕಟ್ಟೆಯ ಮುಂದೆ ಎಲ್ಲರೂ ಸೇರಿದರು. ಹದಿನೇಳಕ್ಕೇ ಗೋಪುರ ಹತ್ತಿದ್ದ ಎಶ್ಮಾರಾ ಅಜ್ಜಿ ಬೀಗದ ಕೈ ಒಪ್ಪಿಸಲು ಇಳಿದುಬಂದಿದ್ದಳು. ಅವಳ ಹರಳು ಮಸುಕಾಗುತ್ತ ಬಂದಿತ್ತು. ಡೊರಿಶ್ ಬೆಳಗುವ ಮುಷ್ಟಿ ಬಿಗಿಹಿಡಿದು ನಿಂತಿದ್ದ. ಮುಖದಲ್ಲಿ ರಕ್ತವಿರಲಿಲ್ಲ. ನಾನು ಜನರನ್ನು ತಳ್ಳಿಕೊಂಡು ಮುಂದೆ ಹೋದೆ.

"ನಿನಗೆ ಹೋಗೋಕೆ ಇಷ್ಟಾನಾ?"

"ಇಷ್ಟ ಯಾರು ಕೇಳಿದ್ರು?"

"ನಾನು ಕೇಳ್ತಿದೀನಲ್ಲ."

"ಇಲ್ಲ ಪೆಲೂಜಾ. ನನಗೆ ಬಾವಿ ಇಷ್ಟ. ಮೇಲೆ ನೀನಿರ್ತೀಯಲ್ಲ, ಅದಕ್ಕೆ."

ಅಷ್ಟು ಸಾಕಿತ್ತು. ಎಡಗೈ ಗವಸು ಬಿಚ್ಚಿದೆ. ಹೆಂಗಸರು ಕಣ್ಣು ಮುಚ್ಚಿಕೊಂಡರು. ಗಂಡಸರೂ ಮುಚ್ಚಿಕೊಂಡು ಬೆರಳಸಂದಿಯಿಂದ ನೋಡಿದರು.

"ಏಯ್ ಹುಡುಗಿ!" ಊರ ಯಜಮಾನ ಟೊಬಾನ್ ಕಿರುಚಿದ. "ಹರಳು ಆರಿದ್ರೆ ಕಣಿವೆ ಪೂರಾ ಮಂಜಲ್ಲಿ ಮುಳುಗುತ್ತೆ. ನಿನ್ನೊಬ್ಬಳ ಆಸೆಗೆ ಊರು ಹಾಳಾಗ್ಬೇಕಾ?"

"ನಿಮ್ಮೂರಿನ ಬೆಳಕಿಗೆ ಇವನೊಬ್ಬ ಹಾಳಾಗ್ಬೇಕಾ? ಆರೋದಾದ್ರೆ ಆರ್ಲಿ. ಮಂಜಲ್ಲೇ ತಡಕಾಡ್ಕೊಂಡು ಬದುಕ್ತೀವಿ, ಇಬ್ರೂ."

ಹೆದರಿಕೆ ಇರಲಿಲ್ಲವೆಂದರೆ ಸುಳ್ಳಾಗುತ್ತದೆ. ನನ್ನ ಅಣ್ಣನ ಹೊಲವೂ ಅದೇ ಕಣಿವೆಯಲ್ಲಿತ್ತು. ಆದರೂ ಡೊರಿಶ್ ಮುಷ್ಟಿ ತೆರೆದಾಗ ನಾನು ಹಿಡಿದೆ. ಅಂಗೈಗೆ ಅಂಗೈ, ನಡುವೆ ಹರಳು. ಬಿಸಿಯಾಗಿತ್ತು. ಅವನ ಕೈಯೋ, ಕಲ್ಲೋ, ತಿಳಿಯಲಿಲ್ಲ.

ಹರಳು ಆರಲಿಲ್ಲ.

ನಮ್ಮ ಬೆರಳುಗಳ ನಡುವಿನಿಂದ ಬೆಳಕು ಸೋರಿತು. ಕಟ್ಟೆಯ ಮೇಲಿನ ಮಂಜು ಸರಿದು ಎಲ್ಲರ ಕಾಲಬುಡದಲ್ಲೂ ನೆರಳು ಬಿತ್ತು.

ಟೊಬಾನ್ ತಡವರಿಸಿದ. "ಇವತ್ತು ಆರಿಲ್ಲ, ನಾಳೆ ಆರಬಹುದು. ಪದ್ಧತಿ ಅಂದ್ರೆ ಪದ್ಧತಿ. ಹುಡುಗ ಗೋಪುರಕ್ಕೆ ನಡೀಲಿ."

"ನಡೆಯಲ್ಲ ಯಜಮಾನ್ರೇ," ಎಂದ ಡೊರಿಶ್. ಬದುಕಿನಲ್ಲಿ ಯಾರಿಗೂ ಎದುರಾಡದವನು. "ನನಗೆ ಮದುವೆಯಾಯ್ತು, ಮನೆಗೆ ಹೋಗ್ತೀನಿ. ದಿನಾ ಬೆಳಿಗ್ಗೆ ಇಬ್ರೂ ಬೆಟ್ಟ ಹತ್ತಿ ಬೆಳಕು ಹಿಡೀತೀವಿ, ಸಂಜೆ ಇಳಿದು ಬರ್ತೀವಿ. ಆಗಲ್ಲ ಅಂದ್ರೆ ನೀವೇ ಗವಸು ಬಿಚ್ಚಿ ಇನ್ನೊಂದು ಹರಳು ಹುಡುಕ್ಕೊಳ್ಳಿ."

ಆಗ ಎಶ್ಮಾರಾ ಅಜ್ಜಿ ಮುಂದೆ ಬಂದಳು. ನಮ್ಮ ಕೈಗಳಿಂದ ಅವಳು ಕಣ್ಣು ಕೀಳಲಿಲ್ಲ.

"ಟೊಬಾನ್, ಆರುತ್ತೆ ಅಂತ ನಿನಗೆ ಯಾರು ಹೇಳಿದ್ದು?"

"ನಮ್ಮಪ್ಪ."

"ಅವನು ನೋಡಿದ್ನಾ?"

ಆರಿದ್ದನ್ನು ಕಣ್ಣಾರೆ ಕಂಡವರು ಗುಂಪಿನಲ್ಲೂ ಯಾರೂ ಇರಲಿಲ್ಲ. ಅಜ್ಜಿ ತನ್ನ ಗವಸನ್ನು ನಿಧಾನವಾಗಿ ಎಳೆದು ತೆಗೆದಳು.

"ಹಿಡೀತೀಯಾ ಮಗಳೇ? ಹೇಗಿರುತ್ತೆ ಅಂತ ಮರ್ತೇಹೋಗಿದೆ."

ಬಲಗೈ ಗವಸನ್ನು ಹಲ್ಲಿನಿಂದ ಕಚ್ಚಿ ಎಳೆದು ಅವಳ ಕೈ ಹಿಡಿದೆ. ನಲವತ್ತು ವರ್ಷ ಯಾರೂ ಹಿಡಿಯದ ಆ ಕೈ ಹಸುಗೂಸಿನ ಕೈಯಷ್ಟು ಮೆತ್ತಗಿತ್ತು. ಬೆರಳು ಹೇಗೆ ಮಡಚಬೇಕೆಂದು ಅವಳಿಗೆ ತೋಚಲಿಲ್ಲ, ನಾನೇ ಒಂದೊಂದಾಗಿ ಮಡಚಿಕೊಟ್ಟೆ.

ಮದುವೆಯ ದಿನ ಹೆಣ್ಣು ಅಳಬೇಕೆನ್ನುತ್ತಾರೆ. ನನಗೆ ಅಳು ಬರಲಿಲ್ಲ, ಸಿಟ್ಟು ಬಂತು. ಇನ್ನೂ ಇಳಿದಿಲ್ಲ.